ಶಂಕ್ರೆವ್ವ ಹಾಲು ಒಡೆಸಿದ ದಿನ

ಪರೇಲ, ಮುಂಬಯಿ
ತಾ. ೧೪-೩-೧೯೮೨

ಗೆಳತಿ ಮಾದೇವಿ,

ನಿನ್ನ ಪತ್ರ ಬಂದು ಬಹಳ ದಿನವಾಯಿತು. ಸಿಟ್ಟಾಗಿದ್ದರೆ ಇದನ್ನು ಓದಿ ಮುಗಿಸುವ ತನಕವಾದರೂ ತಡೆದುಕೊ. ಜಮಖಂಡಿ ಹೈಸ್ಕೂಲಿನಲ್ಲಿ ಒಂದೇ ಬೆಂಚಿನ ಮೇಲೆ ಕುಳಿತು ಬುತ್ತಿ ಹಂಚಿಕೊಂಡು ಉಂಡವರು ನಾವು. ನಿನ್ನ ಬುತ್ತಿಯಲ್ಲಿ ಉಳ್ಳಾಗಡ್ಡಿ ಇದ್ದ ದಿನ ಮಾತ್ರ ನಾನು ಬೆಂಚಿನ ತುದಿಗೆ ಸರಿಯುತ್ತಿದ್ದೆ. ಜೈನರ ಹುಡುಗಿ ಪಕ್ಕದಲ್ಲಿದ್ದಾಳೆಂದು ನೀನು ಬೇಕೆಂದೇ ಅದನ್ನು ಕಚಕಚ ಕಡಿಯುತ್ತಿದ್ದೆ.

ಇಲ್ಲಿ ನಾವು ಆರಾಮ ಇದ್ದೇವೆ. ನಮ್ಮ ಮನೆಯವರ ಮಿಲ್ಲಿನಲ್ಲಿ ಸಂಪು ನಡೆದಿದೆ, ಕೆಲಸಗಾರರೆಲ್ಲ ಹೊರಗೆ, ಹೀಗಾಗಿ ಅವರು ಮನೆಯಲ್ಲೇ ಇರುತ್ತಾರೆ. ಮಿಲ್ಲುಗಳ ಭೋಂಗಾ ಕೂಗುವುದು ನಿಂತು, ಬೆಳಗು ಯಾವಾಗ ಆಗುತ್ತದೆಂದೇ ತಿಳಿಯುವುದಿಲ್ಲ. ಅದು ಇರಲಿ. ನಿನಗೆ ಹೇಳಬೇಕಾದ ಸುದ್ದಿ ಬೇರೆ.

ನಮ್ಮ ಚಾಳಿನ ಹಿಂದಿನ ಹಳೆಯ ಮನೆಯಲ್ಲಿ ಒಬ್ಬ ಪಾರ್ಸಿ ಬಾಯಿ ಇದ್ದಾರೆ. ತುಂಬಾ ವಯಸ್ಸಾದವರು, ಒಂಟಿ. ಮೊನ್ನೆ ನನ್ನನ್ನು ಒಳಗೆ ಕರೆದು ಮೇಜಿನ ಮುಂದೆ ನಿಲ್ಲಿಸಿ, ಸುಮ್ಮನೆ ನೋಡು ಎಂದರು. ಬ್ರೆಡ್ಡಿನ ಎರಡು ಹೋಳು ತೆಗೆದುಕೊಂಡು ಬೆಣ್ಣೆ ಸವರಿದರು. ಬೆಣ್ಣೆ ಅಂಚಿನ ತನಕ ಹೋಗಬೇಕಂತೆ, ಇಲ್ಲದಿದ್ದರೆ ಸವತಿಕಾಯಿಯ ನೀರು ಇಳಿದು ಬ್ರೆಡ್ಡು ಮೆತ್ತಗಾಗುತ್ತದಂತೆ. ಅದರ ಮೇಲೆ ಕೊತ್ತಂಬರಿಯ ಹಸಿರು ಚಟ್ನಿ. ಆಮೇಲೆ ಸವತಿಕಾಯಿ. ಎಷ್ಟು ತೆಳ್ಳಗೆ ಹೆಚ್ಚಿದರು ಅಂತೀ! ಆ ಹೋಳಿನ ಆಚೆ ಅವರ ಬೆರಳು ಕಾಣುತ್ತಿತ್ತು. ಅದರ ಮೇಲೆ ಟೊಮೆಟೊ, ಡೊಣ್ಣಮೆಣಸಿನಕಾಯಿ, ಚಿಟಿಕೆ ಉಪ್ಪು, ಮೆಣಸಿನ ಪುಡಿ. ಎಲ್ಲದರ ಮೇಲೆ ಬಿಳಿಯ ಚೀಸಿನ ಹಾಳೆ. ಇನ್ನೊಂದು ಹೋಳು ಮುಚ್ಚಿ, ಅಂಗೈಯಿಂದ ಮೆಲ್ಲಗೆ ಒತ್ತಿ, ಮೂಲೆಯಿಂದ ಮೂಲೆಗೆ ಕೊಯ್ದು, ಕೊಯ್ದ ಮಗ್ಗಲು ಮೇಲೆ ಮಾಡಿ ತಾಟಿನಲ್ಲಿ ಇಟ್ಟರು.

ಮಾದೇವಿ, ನನಗೆ ರಬಕವಿ ಸೀರೆಯ ದಡಿ ನೆನಪಾಯಿತು. ಬಿಳಿ, ಹಸಿರು, ಕೆಂಪು, ಮತ್ತೆ ಬಿಳಿ. ಇದಕ್ಕೆ ಸ್ಯಾಂಡ್‌ವಿಚ್ ಎನ್ನುತ್ತಾರೆ. ಒಲೆ ಹೊತ್ತಿಸಲಿಲ್ಲ, ಹೊಗೆ ಆಗಲಿಲ್ಲ, ಹಿಟ್ಟು ನಾದಲಿಲ್ಲ, ಆದರೂ ಒಂದು ಊಟ ತಯಾರಾಗಿ ಕಣ್ಣೆದುರು ಕುಳಿತಿತ್ತು. ಕಡಿದಾಗ ಮೊದಲು ಮೆತ್ತಗೆ, ಆಮೇಲೆ ಬಾಯೊಳಗೆ ತೋಟದ ತಂಪು. ಅಡುಗೆಮನೆಯಲ್ಲೇ ಹುಟ್ಟಿ ಬೆಳೆದವಳ ಹಾಗೆ ಇಷ್ಟು ದಿನ ಬೀಗುತ್ತಿದ್ದ ನಾನು ಬಾಯಿ ತೆರೆದು ನಿಂತುಬಿಟ್ಟೆ.

ನಿನ್ನ
ಸುಮನ


ತುಬಚಿ, ತಾ. ಜಮಖಂಡಿ, ಜಿ. ವಿಜಾಪುರ
ತಾ. ೨-೪-೧೯೮೨

ಪ್ರೀತಿಯ ಸುಮನಾ,

ನಿನ್ನ ಪತ್ರವನ್ನು ಕಟ್ಟೆಯ ಮೇಲೆ ಕುಳಿತು ಎಲ್ಲರಿಗೂ ಕೇಳುವ ಹಾಗೆ ಓದಿದೆ. ನಮ್ಮವರು ಎಮ್ಮೆಯ ಮೈ ತಿಕ್ಕುವುದನ್ನು ಬಿಟ್ಟು, "ಒಲಿ ಇಲ್ಲದ ಊಟ ಅಂದ್ರ ಹೆಂಗಸೂರಿಗಿ ಕೆಲಸ ಏನ ಉಳೀತು?" ಎಂದು ನಕ್ಕರು. ನಮ್ಮ ಅತ್ತೆ ಶಂಕ್ರೆವ್ವನವರು ನಗಲಿಲ್ಲ. "ಬ್ರೆಡ್ ಅಂದ್ರ ಜ್ವರ ಬಂದಾವ್ರು ತಿನ್ನೂದು. ಆ ಹುಡಗಿಗಿ ಆರಾಮ ಐತೋ ಇಲ್ಲೋ ಕೇಳಿ ಬರಿ" ಎಂದರು. ಅದಕ್ಕೇ ಕೇಳುತ್ತಿದ್ದೇನೆ, ಆರಾಮ ಇದ್ದೀಯಲ್ಲ?

ನನಗಂತೂ ನೀನು ಆರಾಮಕ್ಕಿಂತ ಹೆಚ್ಚು ಆರಾಮ ಇದ್ದೀ ಅನಿಸುತ್ತದೆ. ಗಂಡ ಮನೆಯಲ್ಲಿ, ನೀನು ಪಾರ್ಸಿ ಬಾಯಿಯ ಮೇಜಿನ ಮುಂದೆ, ತಾಟಿನಲ್ಲಿ ಸೀರೆಯ ದಡಿಯಂಥ ಊಟ. ಇಲ್ಲಿ ನಾನು ಮುಂಜಾನೆ ಎದ್ದು ರೊಟ್ಟಿ ಬಡಿಯಲು ಕುಳಿತರೆ ಬಿಸಿಲು ನೆತ್ತಿಗೆ ಬಂದಾಗ ಏಳುತ್ತೇನೆ. ಹೊಟ್ಟೆಕಿಚ್ಚು ಪಡುತ್ತಿದ್ದೇನೆಂದು ತಿಳಿಯಬೇಡ. ಸ್ವಲ್ಪ ಪಟ್ಟೆ, ಅಷ್ಟೇ.

ರಾತ್ರಿ ಮಲಗಿದರೂ ಆ ಬಿಳಿ ಹಾಳೆಯ ವಿಚಾರ ತಲೆಯಿಂದ ಹೋಗಲಿಲ್ಲ. ಸವತಿಕಾಯಿ, ಟೊಮೆಟೊ ನಮ್ಮ ತೋಟದಲ್ಲಿವೆ. ಬೆಣ್ಣೆ ಮನೆಯದೇ. ಬ್ರೆಡ್ಡನ್ನು ಜಮಖಂಡಿಯಿಂದ ತರಿಸಬಹುದು. ಆ ಚೀಸು ಮಾತ್ರ ಜಮಖಂಡಿಯಲ್ಲಿ ಸಿಗಲಿಲ್ಲ, ಮುಧೋಳದಲ್ಲಿ ಕೇಳಿದರೆ ಅಂಗಡಿಯವನು ಸಾಬೂನು ತೆಗೆದು ತೋರಿಸಿದನಂತೆ. ಅದು ಹಾಲಿನದಂತೆ. ನಮ್ಮ ಊರಿನ ಹಾಲೆಲ್ಲ ಕ್ಯಾನಿನಲ್ಲಿ ತುಂಬಿ ದಿನಾ ಬಸ್ಸಿನ ಮೇಲೆ ಜಮಖಂಡಿಗೆ ಹೋಗುತ್ತದೆ. ಇಷ್ಟು ಹಾಲಿದ್ದವರಿಗೆ ಅದನ್ನು ಮನೆಯಲ್ಲಿ ಮಾಡಲು ಬರುವುದಿಲ್ಲವೇನು? ಬರುವಂತಿದ್ದರೆ ಬಿಡಿಸಿ ಬರೆ.

ನಿನ್ನ
ಮಾದೇವಿ


ಪರೇಲ, ಮುಂಬಯಿ
ತಾ. ೨೦-೪-೧೯೮೨

ಮಾದೇವಿ,

ಅತ್ತೆಯವರಿಗೆ ಹೇಳು, ನನಗೆ ಜ್ವರ ಬಂದಿಲ್ಲ.

ಚೀಸಿನ ವಿಷಯ. ಅಂಗಡಿಯ ಚೀಸನ್ನು ನಾನು ಮುಟ್ಟುವುದಿಲ್ಲ. ಅದನ್ನು ಹೆಪ್ಪುಗಟ್ಟಿಸಲು ಕರುವಿನ ಹೊಟ್ಟೆಯಿಂದ ತೆಗೆದದ್ದನ್ನು ಹಾಕುತ್ತಾರೆಂದು ಕೇಳಿದ್ದೆ. ಅವತ್ತು ಆ ಹಾಳೆಯನ್ನು ತೆಗೆದಿಟ್ಟೇ ತಿಂದೆ. ಪಾರ್ಸಿ ಬಾಯಿಗೆ ಕಾರಣ ಹೇಳಿದಾಗ ಅವರು ಬೇಸರಪಡಲಿಲ್ಲ. ಲಿಂಬೆಹಣ್ಣಿನಿಂದ ಮಾಡುವ ಬೇರೆ ದಾರಿ ತೋರಿಸಿಕೊಟ್ಟರು. ಈಗ ದಿನಾ ಬೆಳಿಗ್ಗೆ ಮಾಡಿ ಮಾಡಿ ಕೈ ತಾನೇ ನಡೆಯುತ್ತದೆ.

ದಪ್ಪ ಹಾಲನ್ನು ಉಕ್ಕು ಬರುವ ತನಕ ಕಾಯಿಸು. ಉಕ್ಕಿದ ಕೂಡಲೇ ಬೆಂಕಿ ಸಣ್ಣದು ಮಾಡಿ, ಲಿಂಬೆರಸಕ್ಕೆ ಸ್ವಲ್ಪ ನೀರು ಬೆರೆಸಿ, ಒಂದೊಂದೇ ಚಮಚ ಬಿಡುತ್ತ ಮೆಲ್ಲಗೆ ಕೈಯಾಡಿಸು. ಅವಸರ ಮಾಡಬೇಡ. ಮೊದಲು ಏನೂ ಆಗುವುದಿಲ್ಲ, ನಾನು ಮೊದಲ ಸಲ ಕೆಟ್ಟೆನೆಂದೇ ತಿಳಿದಿದ್ದೆ. ಆಮೇಲೆ ಒಮ್ಮೆಲೇ, ಕಣ್ಣು ಮುಚ್ಚಿ ತೆರೆಯುವುದರಲ್ಲಿ, ಹಾಲು ಹಾಲಾಗಿ ಉಳಿಯುವುದಿಲ್ಲ. ಬಿಳಿಯದೆಲ್ಲ ಮೋಡದ ಹಾಗೆ ಒಂದು ಕಡೆ ಕೂಡಿಕೊಳ್ಳುತ್ತದೆ, ಕೆಳಗೆ ತಿಳಿಹಸಿರು ನೀರು ನಿಲ್ಲುತ್ತದೆ. ದಿನಾ ನೋಡಿದರೂ ಆ ಗಳಿಗೆಗೆ ನನ್ನ ಕೈ ನಿಂತುಹೋಗುತ್ತದೆ.

ತೆಳುವಾದ ಹಸನಾದ ಬಟ್ಟೆಯಲ್ಲಿ ಸೋಸು. ಲಿಂಬೆಯ ಹುಳಿ ಹೋಗುವಂತೆ ಮೇಲೆ ತಣ್ಣೀರು ಸುರಿದು ತೊಳೆ. ಉಪ್ಪು ಬೆರೆಸಿ, ಬಟ್ಟೆಯನ್ನು ಬಿಗಿಯಾಗಿ ಕಟ್ಟಿ, ಎರಡು ಮಣೆಗಳ ನಡುವೆ ಇಟ್ಟು ಮೇಲೆ ಭಾರ ಹೇರು. ಹೊತ್ತು ಏರುವುದರಲ್ಲಿ ಚಾಕುವಿನಿಂದ ಕೊಯ್ಯಲು ಬರುತ್ತದೆ. ಕೊಯ್ದ ಮೇಲೆ ಅತ್ತೆಯವರಿಗೇ ಮೊದಲು ಕೊಡು.

ಸುಮನ


ತುಬಚಿ
ತಾ. ೧೨-೫-೧೯೮೨

ಸುಮನಾ,

ಪತ್ರ ಮುಟ್ಟಿತು. ಎಲ್ಲರೂ ಆರಾಮ. ಕಬ್ಬಿಗೆ ನೀರು ಬಿಡುವ ಕೆಲಸ ಹೆಚ್ಚಾಗಿದೆ.

ಆ ಸ್ಯಾಂಡ್‌ವಿಚ್ಚು, ಚೀಸು ಇವುಗಳ ವಿಷಯ ಇನ್ನು ಮೇಲೆ ಬರೆಯಬೇಡ. ನಮ್ಮಂಥ ಮನೆಗಳಿಗೆ ಅದು ಹೊಂದುವುದಿಲ್ಲ.

ಮಾದೇವಿ


ಪರೇಲ, ಮುಂಬಯಿ
ತಾ. ೩-೬-೧೯೮೨

ಮಾದೇವಿ,

ನಿನ್ನ ನಾಲ್ಕು ಸಾಲು ಓದಿದೆ. ಮತ್ತೆ ಮತ್ತೆ ಓದಿದೆ. ನೀನು ಬರೆದ ಅಕ್ಷರವೇ ಹೌದೋ ಅಲ್ಲವೋ ಎಂದು ಹಳೆಯ ಪತ್ರಗಳ ಪಕ್ಕ ಇಟ್ಟು ನೋಡಿದೆ.

ನಿನಗೆ ಯಾರೋ ಏನೋ ಹೇಳಿರಬೇಕು. ಊರಿನ ಮಂದಿ ಇಲ್ಲಿಗೆ ಬಂದು ಹೋಗುತ್ತಿರುತ್ತಾರೆ, ಕಂಡದ್ದಕ್ಕೆ ಇನ್ನಷ್ಟು ಸೇರಿಸಿ ಹೇಳುತ್ತಾರೆ. "ನಮ್ಮಂಥ ಮನೆಗಳಿಗೆ" ಎಂದೆ. ಹಾಗಾದರೆ ನನ್ನ ಮನೆ ಎಂಥದ್ದು? ನಾನು ಮಾಡುತ್ತಿರುವುದರಲ್ಲಿ ಕಳವಿಲ್ಲ, ಮೋಸವಿಲ್ಲ. ನೀನೊಬ್ಬಳಾದರೂ ಮುಖ ತಿರುಗಿಸುವುದಿಲ್ಲ ಎಂದು ತಿಳಿದಿದ್ದೆ.

ತೇರದಾಳಕ್ಕೆ ಹೋದರೆ ನನ್ನ ತವರಿನಲ್ಲಿ ಏನೂ ಹೇಳಬೇಡ. ಅವ್ವ ಕಮಲಾಬಾಯಿಯ ಜೀವ ಮೊದಲೇ ಸಣ್ಣದು.

ಸುಮನ


ಪರೇಲ, ಮುಂಬಯಿ
ತಾ. ೩೦-೭-೧೯೮೨

ಮಾದೇವಿ,

ಕೃಷ್ಣಾ ನದಿ ದಂಡೆ ಮೀರಿದೆ, ಜಮಖಂಡಿ ಕಡೆಯ ಹಳ್ಳಿಗಳಿಗೆ ರಸ್ತೆ ಇಲ್ಲ ಎಂದು ರೇಡಿಯೋದಲ್ಲಿ ಹೇಳಿದರು. ಊರ ಹೆಸರು ಹೇಳಲಿಲ್ಲ. ನನ್ನ ಮೇಲಿನ ಸಿಟ್ಟು ಹಾಗೇ ಇರಲಿ. ಒಂದು ಕಾರ್ಡಿನಲ್ಲಿ "ಇದ್ದೇವೆ" ಎಂದು ಬರೆದು ಹಾಕು. ಅಷ್ಟು ಸಾಕು.

ಸುಮನ


ತುಬಚಿ
ತಾ. ೧೬-೮-೧೯೮೨

ಸುಮನಾ,

ಇದ್ದೇವೆ. ಎಲ್ಲರೂ ಇದ್ದೇವೆ. ಎಮ್ಮೆಗಳೂ ಇವೆ.

ನಿನ್ನ ಕಾರ್ಡು ನಿನ್ನೆ ಬಂತು. ಟಪಾಲಿನವನು ಇಷ್ಟು ದಿನಕ್ಕೆ ಊರೊಳಗೆ ಕಾಲಿಟ್ಟದ್ದೇ ನಿನ್ನೆ. ಜೂನಿನ ಪತ್ರ ಆಗಲೇ ಮುಟ್ಟಿತ್ತು. ಅದಕ್ಕೆ ಏನು ಬರೆಯಬೇಕೆಂದು ತಿಳಿಯದೆ ಸುಮ್ಮನಿದ್ದೆ. ನನಗೆ ಯಾರೂ ಏನೂ ಹೇಳಿಲ್ಲ. ನಿನ್ನ ಬಗ್ಗೆ ಹೇಳುವಂಥದ್ದು ಏನಿದೆ ಎಂಬುದೂ ನನಗೆ ಗೊತ್ತಿಲ್ಲ. ನಡೆದದ್ದೇ ಬೇರೆ, ಕೇಳು.

ಮೇ ತಿಂಗಳಲ್ಲಿ ನೀನು ಬರೆದ ಹಾಗೆಯೇ ಹಾಲಿಗೆ ಲಿಂಬೆ ಹಿಂಡಿದೆ. ನೀನು ಹೇಳಿದ ಮೋಡ ಕಾಣುವ ಹೊತ್ತಿಗೆ ಅತ್ತೆ ಹೊಲದಿಂದ ಬಂದರು. ಪಾತ್ರೆಯಲ್ಲಿ ಒಡೆದ ಹಾಲು ನೋಡಿ ಬೈಯುತ್ತಾರೆ ಎಂದುಕೊಂಡೆ. ಬೈಯಲಿಲ್ಲ. ಗೋಡೆಗೆ ಆತು ಹಾಗೇ ಕುಸಿದು ಕುಳಿತರು. ಆಮೇಲೆ ಎದ್ದು ಪಾತ್ರೆಯನ್ನು ಹೊತ್ತುಕೊಂಡು ಹೋಗಿ ತಿಪ್ಪೆಗೆ ಸುರುವಿ ಬಂದರು. ಅಂದು ಊಟ ಮಾಡಲಿಲ್ಲ. ನಾನು ಏನು ತಪ್ಪು ಮಾಡಿದೆನೆಂದು ಪಕ್ಕದ ಮನೆಯ ಮುದಕವ್ವಾಯಿಯನ್ನು ಕೇಳಿದೆ.

"ನಿನ್ನ ಮೈದುನ ಬಾಳು ಹೊಳ್ಯಾಗ ಹ್ವಾದ ದಿನ ಮುಂಜಾನಿ ಇವರ ಒಲಿ ಮ್ಯಾಲ ಹಾಲು ಒಡದಿತ್ತವ್ವಾ" ಎಂದಳು. "ನೀ ಆಗಿನ್ನೂ ಈ ಮನಿಗಿ ಬಂದಿದ್ದಿಲ್ಲ. ಅವತ್ತಿಂದ ಶಂಕ್ರೆವ್ವ ಹಾಲು ಕಾಯೂ ತನಕ ಒಲಿ ಬಿಟ್ಟು ಏಳೂದಿಲ್ಲ ನೋಡು."

ಅವರು ದಿನಾ ಒಲೆಯ ಮುಂದೆ ಕುಳಿತದ್ದನ್ನು ನೋಡಿ, ಹಾಲು ಉಕ್ಕಿ ಹಾಳಾಗಬಾರದೆಂಬ ಜಿಪುಣತನ ಎಂದು ನಾನು ತಿಳಿದಿದ್ದೆ. ಇದನ್ನು ನಿನಗೆ ಬರೆಯಲು ನನ್ನ ಕೈ ಬರಲಿಲ್ಲ. ಮನೆಯ ದುಃಖ, ಅತ್ತೆಯದು. ಅದಕ್ಕೆ ನಾಲ್ಕು ಸಾಲು ಗೀಚಿ ಹಾಕಿದೆ. ಅದು ನಿನಗೆ ಇಷ್ಟು ಚುಚ್ಚುತ್ತದೆಂದು ತಿಳಿಯಲಿಲ್ಲ.

ಈಗ ಹೊಳೆಯ ಸುದ್ದಿ. ಮಧ್ಯಾಹ್ನ ಊಟಕ್ಕೆ ಕುಳಿತಾಗ ನೀರು ಹಿತ್ತಲಲ್ಲಿ ಕಂಡಿತು, ಕೈ ತೊಳೆಯುವುದರಲ್ಲಿ ಹೊಸ್ತಿಲಿಗೆ ಬಂದಿತ್ತು. ಗಂಡಸರು ದನಗಳನ್ನು ದಿಬ್ಬಕ್ಕೆ ಹೊಡೆದರು. ನಾವು ಹಿಡಿದಷ್ಟು ಹಿಡಿದುಕೊಂಡು ದಿಬ್ಬದ ಮೇಲಿನ ಶಾಲೆಗೆ, ನಮ್ಮ ಕನ್ನಡ ಸಾಲಿಗೆ, ಓಡಿದೆವು. ಗುಡಿಯಿಂದ ದ್ಯಾಮವ್ವನನ್ನೂ ಹೊತ್ತು ತಂದು ಸಾಲಿಯ ಮೂಲೆಯಲ್ಲಿ ಕೂಡ್ರಿಸಿದರು. ಅಲ್ಲಿಂದ ನೋಡಿದರೆ, ಸುಮನಾ, ನಾನು ಬಲ್ಲ ಹೊಳೆ ಅದಲ್ಲ. ಭೋರ್ಗರೆತ ಇರಲಿಲ್ಲ, ಏನೂ ಸಪ್ಪಳವಿಲ್ಲ. ಆಕಾಶ ಮುಟ್ಟುವ ತನಕ ಕೆಂಪು ನೀರು ಸುಮ್ಮನೆ ನಡೆದಿತ್ತು. ಕಬ್ಬಿನ ತುದಿಗಳಷ್ಟೇ ಕಾಣುತ್ತಿದ್ದವು. ಒಂದು ಬಣವೆ ಹಾಗೇ ತೇಲಿ ಬಂತು, ಅದರ ಮೇಲೆ ಒಂದು ಕೋಳಿ ಕುಳಿತಿತ್ತು. ನಾವೆಲ್ಲ ಅದು ಕಣ್ಣಿಗೆ ಮರೆಯಾಗುವ ತನಕ ನೋಡುತ್ತ ನಿಂತೆವು.

ಊರಿಗೆ ಊರೇ ಸಾಲಿಯಲ್ಲಿ. ಕಟ್ಟಿಗೆ, ಕುಳ್ಳು ತೊಯ್ದು ಹೋಗಿದ್ದವು. ಜೋಳ ಉಳಿದವರ ಬಳಿಯೂ ಹಿಟ್ಟಿಲ್ಲ, ಕರೆಂಟಿಲ್ಲದೆ ಗಿರಣಿ ನಿಂತಿತ್ತು. ಇದ್ದದ್ದು ಸಾಲಿಯ ಮಾಸ್ತರರ ಒಂದು ಸೀಮೆಎಣ್ಣೆ ಸ್ಟೋವು. ಕಟ್ಟಿಕೊಂಡು ಬಂದ ರೊಟ್ಟಿ ಮುಗಿದ ಮೇಲೆ ಮಕ್ಕಳು ಅಳಲು ಶುರು ಮಾಡಿದರು. ಅಷ್ಟರಲ್ಲಿ ಜಮಖಂಡಿಯಿಂದ ಒಂದು ದೋಣಿ ಬಂತು. ಬಂದದ್ದು ಏನು ಗೊತ್ತೇ? ಬ್ರೆಡ್ಡು! ಗೋಣಿಚೀಲಗಳ ತುಂಬ ಬ್ರೆಡ್ಡು. ಪೇಟೆಯ ಮಂದಿ ಕೂಡಿ ಬೇಕರಿಯಲ್ಲಿ ಮಾಡಿಸಿ ಕಳಿಸಿದ್ದರು.

ಹಿರಿಯ ಯಮನಪ್ಪ ಒಂದು ಹೋಳು ಬಾಯಿಗೆ ಹಾಕಿ ಉಗುಳಿದ. "ನಮಗೇನ ಜ್ವರ ಬಂದಾವೇನು? ಹತ್ತಿ ತಿಂದಂಗ ಆಕೈತಿ. ಗಂಟಲದಾಗ ಇಳೀವಲ್ದು" ಎಂದ. ಒಣ ಬ್ರೆಡ್ಡು ತಿಂದು ಮಕ್ಕಳು ಬಿಕ್ಕಳಿಸಿದರು. ಕೆಲವರು ಅದನ್ನು ದನಗಳಿಗೆ ಹಾಕಲು ಎದ್ದರು.

ಇನ್ನೊಂದು ಕಡೆ ಹಾಲು. ಎಮ್ಮೆಗಳು ದಿಬ್ಬದ ಮೇಲೆ ಹಾಲು ಕೊಡುತ್ತಲೇ ಇದ್ದವು, ಜಮಖಂಡಿಗೆ ಒಯ್ಯುವ ಬಸ್ಸಿಲ್ಲ. ಮಕ್ಕಳು ಕುಡಿದು ಮಿಕ್ಕದ್ದು ಕ್ಯಾನುಗಳಲ್ಲಿ ತುಂಬಿ ನಿಂತಿತ್ತು. ಆ ಧಗೆಯಲ್ಲಿ ಇನ್ನು ಸ್ವಲ್ಪ ಹೊತ್ತಿಗೆ ಕೆಡುವುದೇ. ನಾನು ಕ್ಯಾನಿನ ಕಡೆ ನೋಡಿದೆ, ಬ್ರೆಡ್ಡಿನ ಚೀಲದ ಕಡೆ ನೋಡಿದೆ. ನಿನ್ನ ಪತ್ರದ ಸಾಲುಗಳು ಒಂದೊಂದೇ ಬಂದು ನಿಂತವು. ಬಾಯಿ ಬಿಡಲು ಮಾತ್ರ ಧೈರ್ಯ ಬರಲಿಲ್ಲ.

ಅತ್ತೆಯೇ ಕೇಳಿದರು. "ಏನ ವಿಚಾರ ಮಾಡಾಕತ್ತಿ?"

"ಏನಿಲ್ರಿ."

"ಸುಳ್ಳ ಹೇಳಬ್ಯಾಡ. ಹಾಲಿನ ಕಡೆ ನೋಡ್ತಿ, ಆಮ್ಯಾಲ ನನ್ನ ಕಡೆ ನೋಡ್ತಿ."

"ಅತ್ತೀ, ಈ ಹಾಲು ಒಡಸಿದ್ರ ಗಟ್ಟಿ ಆಕೈತ್ರಿ. ಬ್ರೆಡ್ಡಿನಾಗ ಇಟ್ಟು ಕೊಟ್ರ ಮಂದಿ ಹೊಟ್ಟಿಗಿ ಆಧಾರ ಆಕೈತ್ರಿ. ನೀವು ಬ್ಯಾಡಂದ್ರ ಬ್ಯಾಡ್ರಿ."

ಅವರು ಕಿಡಕಿಯ ಹತ್ತಿರ ಹೋಗಿ ನಿಂತರು. ಆ ಕಿಡಕಿಯಲ್ಲಿ ಹೊಳೆಯಲ್ಲದೆ ಬೇರೇನೂ ಕಾಣುತ್ತಿರಲಿಲ್ಲ. ನಾನು ಕೇಳಬಾರದಿತ್ತು ಎನಿಸಿ ಅಳು ಬಂತು. ಆಗ ಅವರು ನನ್ನ ಕಡೆ ತಿರುಗದೆಯೇ ಹೇಳಿದರು.

"ನನ್ನ ಬಾಳು ಹ್ವಾದದ್ದು ಹೊಳಿಯಿಂದ. ಹಾಲಿನಿಂದ ಅಲ್ಲ."

ಈ ಮನೆಗೆ ಬಂದಾಗಿನಿಂದ ಅವರ ಬಾಯಲ್ಲಿ ಆ ಹೆಸರು ನಾನು ಕೇಳಿದ್ದು ಅದೇ ಮೊದಲು.

ಲಿಂಬೆಹಣ್ಣು ಎಲ್ಲಿದೆ ಎಂದು ನಾನು ಹುಡುಕುವಷ್ಟರಲ್ಲಿ ಅವರು ನೆಟ್ಟಗೆ ದ್ಯಾಮವ್ವನ ಮುಂದೆ ಹೋಗಿ ಕೈಮುಗಿದು, ದೇವಿಯ ಕೊರಳಿನ ಲಿಂಬೆಯ ಹಾರ ತೆಗೆದರು. ಮಂದಿಯ ನಡುವಿನಿಂದ ನಮ್ಮ ಓಣಿಯ ಬೋರವ್ವ ಕೂಗಿದಳು, "ಶಂಕ್ರೆವ್ವಾ! ದೇವಿ ಕೊಳ್ಳಾಗಿನವು ಬೇ ಅವು!"

"ಹೌದು. ಊರು ಕಾಯಾಕ ಕುಂತಾಕಿ ಆಕಿನ ಅಲ್ಲ? ಕೇಳೇ ತುಗೊಂಡೇನಿ."

ಅತ್ತೆ ಸ್ಟೋವಿನ ಮುಂದೆ ಕುಳಿತು, ಹಾಲು ಉಕ್ಕು ಬರುವ ತನಕ ಕಣ್ಣು ಕೀಳಲಿಲ್ಲ. ಲಿಂಬೆ ಹಿಂಡಲು ನಾನು ಕೈ ಚಾಚಿದರೆ ಕೊಡಲಿಲ್ಲ. ತಾವೇ ಹಿಂಡಿದರು. ರಸ ಪಾತ್ರೆಯ ಹೊರಗೂ ಬಿತ್ತು. ಹಾಲು ಮೊದಲು ಸುಮ್ಮನಿತ್ತು. ಆಮೇಲೆ ಒಡೆಯಿತು. ಬಿಳಿ ಒಂದು ಕಡೆ, ತಿಳಿನೀರು ಒಂದು ಕಡೆ. ಅತ್ತೆ ಅದನ್ನು ನೋಡುತ್ತಲೇ ಕುಳಿತರು, ಸೆರಗಿನಿಂದ ಕಣ್ಣು ಒರೆಸಿಕೊಂಡರು. ಎಷ್ಟೋ ವರ್ಷ ಅವರು ಹೆದರಿ ಕಾಯ್ದದ್ದು ಆ ಪಾತ್ರೆಯಲ್ಲಿ ನಡೆದುಹೋಗಿತ್ತು, ನಡೆಸಿದ್ದು ಅವರದೇ ಕೈ.

"ಅರಿವಿ ತಾ" ಎಂದರು. ಹೊಸ ಧೋತರವೊಂದನ್ನು ಗಂಟಿನಲ್ಲಿ ತಂದಿದ್ದೆ. ಅದರಲ್ಲಿ ಸೋಸಿ, ತೊಳೆದು, ಉಪ್ಪು ಬೆರೆಸಿ, ಕಟ್ಟಿ, ಮೇಲೆ ಮಾಸ್ತರರ ತಗಡಿನ ಟ್ರಂಕು ಹೇರಿದೆವು. ಎಣ್ಣೆ ಇರುವ ತನಕ ಪಾತ್ರೆಯ ಮೇಲೆ ಪಾತ್ರೆ ಇಳಿಯಿತು. ತಿಳಿನೀರಿಗೂ ಉಪ್ಪು ಹಾಕಿ ಮುದುಕರಿಗೆ ಕುಡಿಯಲು ಕೊಟ್ಟೆವು. ಬ್ರೆಡ್ಡು ಉಗುಳಿದ ಯಮನಪ್ಪ ಎಲ್ಲಿ ಹೋದನೆಂದು ನೋಡಿದರೆ, ದಿಬ್ಬದ ಓರೆಯ ತನ್ನ ತೋಟದಿಂದ ಸವತಿಕಾಯಿ, ಟೊಮೆಟೊ ಬುಟ್ಟಿ ತುಂಬಿ ತಲೆಯ ಮೇಲೆ ಹೊತ್ತು ಬರುತ್ತಿದ್ದ. ಹಸಿರು ಚಟ್ನಿ ಎಲ್ಲಿಂದ ತರಲಿ? ಹೆಂಗಸರ ಗಂಟುಗಳಲ್ಲಿ ಶೇಂಗಾ ಚಟ್ನಿಯ ಹಿಂಡಿ ಇತ್ತು, ಅದನ್ನೇ ಮೊಸರಿನಲ್ಲಿ ಕಲಸಿ ಬ್ರೆಡ್ಡಿಗೆ ಸವರಿದೆವು. ಉಳ್ಳಾಗಡ್ಡಿಯನ್ನೂ ಇಟ್ಟೆ, ನೀನು ಮೂಗು ಮುರಿದುಕೋ. ಕಬ್ಬು ಕಡಿಯುವವರ ಕೇರಿಯ ಸತ್ಯವ್ವ ಈಳಿಗೆಯ ಮುಂದೆ ಕುಳಿತು ಸವತಿಕಾಯಿ ಹೆಚ್ಚಿದಳು. ನಿನ್ನ ಪಾರ್ಸಿ ಬಾಯಿಯಷ್ಟೇ ತೆಳ್ಳಗೆ. ಬೇರೆ ದಿನವಾಗಿದ್ದರೆ ಅವಳ ಕೈಯದನ್ನು ತಿನ್ನದವರು ಅಲ್ಲಿದ್ದರು. ಅವರು ಅತ್ತೆಯ ಮುಖ ನೋಡಿದರು. ಅತ್ತೆ ಸತ್ಯವ್ವನ ಮಗ್ಗುಲಲ್ಲೇ ಕುಳಿತು ಅವಳು ಹೆಚ್ಚಿದ್ದನ್ನು ಬ್ರೆಡ್ಡಿನ ಮೇಲೆ ಹರವುತ್ತಿದ್ದರು. ಆಮೇಲೆ ಅವರೂ ಬಂದು ಕುಳಿತರು.

ಸಾಲು ಸಾಲಾಗಿ ಕುಳಿತು ತಿಂದರು. ಅಷ್ಟು ಮಂದಿಯ ಸಾಲಿಯಲ್ಲಿ ಸವತಿಕಾಯಿ ಕಡಿಯುವ ಸಪ್ಪಳ ಒಂದೇ ಕೇಳುತ್ತಿತ್ತು. ಮುದಕವ್ವಾಯಿಗೆ ಹಲ್ಲಿಲ್ಲ, ಅವಳು ಬಿಳಿಯ ಗಟ್ಟಿಯನ್ನಷ್ಟೇ ಬಾಯಲ್ಲಿಟ್ಟುಕೊಂಡು ಕಣ್ಣು ಮುಚ್ಚಿದಳು. "ಇದಕ್ಕ ಏನಂತಾರ?" ಎಂದು ಕೇಳಿದಳು. ನಾನು ಸ್ಯಾಂಡ್‌ವಿಚ್ ಎಂದೆ. ಅವಳಿಗೆ ನಾಲಿಗೆ ಹೊರಳಲಿಲ್ಲ. ಅತ್ತೆ ಎಲ್ಲರಿಗಿಂತ ಕೊನೆಗೆ ತಿಂದರು, ಕಿಡಕಿಯ ಹತ್ತಿರ, ಹೊಳೆಯ ಕಡೆ ಮುಖ ಮಾಡಿ.

ನೀರು ಇಳಿದು ಹೋಗಿದೆ. ನಮ್ಮ ಹಿತ್ತಲ ಗೋಡೆ ಬಿದ್ದಿದೆ, ನಮ್ಮವರು ಕಟ್ಟಿಸುತ್ತಿದ್ದಾರೆ. ಅತ್ತೆ ಈಗ ಬಾಳುವಿನ ಮಾತು ಆಡುತ್ತಾರೆ. ಸಣ್ಣವನಿದ್ದಾಗ ಕೆನೆ ಕದ್ದು ತಿನ್ನುತ್ತಿದ್ದನಂತೆ. ನಿನ್ನೆ ನಿನ್ನ ಜೂನಿನ ಪತ್ರವನ್ನೂ ಕಾರ್ಡನ್ನೂ ಓದಿ ಹೇಳಿದಾಗ, "ಆ ಹುಡಗಿ ಏನೋ ಮುಚ್ಚಿಡಾಕತ್ತಾಳ. ಕೇಳು" ಎಂದರು. ಕೇಳುತ್ತಿದ್ದೇನೆ. ಮುಂಬಯಿಯಲ್ಲಿ ಏನು ನಡೆದಿದೆ?

ನಿನ್ನ
ಮಾದೇವಿ


ಪರೇಲ, ಮುಂಬಯಿ
ತಾ. ೨-೯-೧೯೮೨

ಮಾದೇವಿ,

ಅತ್ತೆಯವರು ಕೇಳಿದ್ದಕ್ಕೆ ಉತ್ತರ ಮೊದಲು. ಮಿಲ್ಲು ತೆರೆದಿಲ್ಲ, ತೆರೆಯುವ ಲಕ್ಷಣವೂ ಇಲ್ಲ. ಹೋಳಿ ಹುಣ್ಣಿಮೆಗೆ ಮೊದಲೇ ನಮ್ಮ ಮನೆಯ ಡಬ್ಬಿಗಳು ಬರಿದಾಗಿದ್ದವು. ಪಾರ್ಸಿ ಬಾಯಿ ನನ್ನನ್ನು ಮೇಜಿನ ಮುಂದೆ ನಿಲ್ಲಿಸಿದ್ದು ಮೇಜವಾನಿಗಲ್ಲ, ಕೆಲಸ ಕಲಿಸಲು. ಅಂದಿನಿಂದ ನಾವಿಬ್ಬರೂ ಸ್ಯಾಂಡ್‌ವಿಚ್ ಮಾಡಿ ಫೋರ್ಟ್ ಭಾಗದ ಆಫೀಸುಗಳಲ್ಲಿ ಮಾರುತ್ತೇವೆ. ಹೆಚ್ಚುವುದು, ಕಟ್ಟುವುದು ನಾನು. ಡಬ್ಬಿ ಹೊತ್ತು ಹೋಗುವುದು ಆ ಮುದುಕಿ. ತೇರದಾಳದ ಪಾರಿಸಪ್ಪನವರ ಮಗಳು ಮುಂಬಯಿಯಲ್ಲಿ ತಿಂಡಿ ಮಾರುತ್ತಾಳೆ ಎಂಬ ಮಾತು ಊರಿಗೆ ಮುಟ್ಟಬಾರದೆಂದು ನಾನು ಬೀದಿಗೆ ಇಳಿಯುತ್ತಿರಲಿಲ್ಲ. ನಿನ್ನ ನಾಲ್ಕು ಸಾಲು ಬಂದಾಗ, ಆ ಮಾತು ಮುಟ್ಟಿತು ಎಂದುಕೊಂಡೆ.

ನಿನ್ನ ಪತ್ರವನ್ನು ನಮ್ಮ ಮನೆಯವರಿಗೆ ಓದಿ ಹೇಳಿದೆ. ಲಿಂಬೆಯ ಹಾರದ ತನಕ ಬಂದಾಗ ಪತ್ರವನ್ನು ಕೈಗೆ ತೆಗೆದುಕೊಂಡು ಮುಂದಿನದನ್ನು ಅವರೇ ಓದಿದರು. ಇಷ್ಟು ತಿಂಗಳು ಗೋಡೆಗೆ ಮುಖ ಮಾಡಿ ಮಲಗುತ್ತಿದ್ದ ಮನುಷ್ಯ ಎದ್ದು ಹೋಗಿ ನಲ್ಲಿಯ ಕೆಳಗೆ ಸವತಿಕಾಯಿ ತೊಳೆಯಲು ಕುಳಿತರು. "ಇದೇನು ಮಾಡುತ್ತಿದ್ದೀ ಭರತೇಶ?" ಎಂದು ಚಾಳಿನವರು ಕೇಳಿದರೆ, ನಾಚಿಕೆಪಡದೆ ಉತ್ತರ ಕೊಟ್ಟರು.

ಪಾರ್ಸಿ ಬಾಯಿಗೆ ಎಲ್ಲವನ್ನೂ ಹಿಂದಿಯಲ್ಲಿ ಹೇಳಿದೆ. ಅವರು ತಲೆಯ ಮೇಲಿನ ಬಟ್ಟೆ ಸರಿಮಾಡಿಕೊಂಡರು. ತುಬಚಿ ಎಂಬ ಹೆಸರನ್ನು ಎರಡು ಸಲ ಹೇಳಿಸಿಕೊಂಡರು. ಆಮೇಲೆ ಡಬ್ಬಿಯನ್ನು ನನ್ನ ಕೈಗೆ ಕೊಟ್ಟು, ಇವತ್ತು ನೀನೇ ಹೋಗು ಎಂದರು.

ಹೋದೆ. ದೊಡ್ಡ ಆಫೀಸಿನ ಮೆಟ್ಟಿಲ ಮೇಲೆ ನಿಂತೆ. ಮಂದಿ ಹೊಳೆಯಾಗಿ ಹೊರಬಂದರು, ನನ್ನ ದನಿ ಹೊರಡಲಿಲ್ಲ. ಶಂಕ್ರೆವ್ವನವರನ್ನು ನಾನು ಕಂಡಿಲ್ಲ. ಆದರೂ ಅವರು ಪಕ್ಕದಲ್ಲಿ ನಿಂತು "ಏನ ವಿಚಾರ ಮಾಡಾಕತ್ತಿ?" ಎಂದ ಹಾಗಾಯಿತು. ಕೂಗಿದೆ. ತಾಜಾ ಕಾಯಿಪಲ್ಲೆ, ಮನೆಯ ಚೀಸು ಎಂದು ಹಿಂದಿಯಲ್ಲಿ ಕೂಗಿದೆ. ನನ್ನ ದನಿ ಅಷ್ಟು ದೊಡ್ಡದೆಂದು ನನಗೇ ಗೊತ್ತಿರಲಿಲ್ಲ.

ಗಾಂಧಿ ಟೊಪ್ಪಿಗೆಯ ಹಿರಿಯರೊಬ್ಬರು ಹೋಗುತ್ತಿದ್ದವರು ನಿಂತರು.

"ಮಾತಿನ ಧಾಟಿ ನಮ್ಮ ಕಡೀದು ಅನಸ್ತೈತಲ್ಲವಾ. ಯಾವೂರು?"

"ತೇರದಾಳ್ರಿ."

"ನಮ್ಮದು ಬನಹಟ್ಟಿ. ಸೀರಿ ವ್ಯಾಪಾರಕ್ಕ ಬಂದೇನಿ. ತೇರದಾಳದಾಗ ಯಾರ ಪೈಕಿ?"

ಅವರು ನಮ್ಮ ಜೈನರೇ ಎಂದು ಹಣೆಯ ಗಂಧ ಹೇಳುತ್ತಿತ್ತು. ಸುಳ್ಳು ಹೆಸರು ನಾಲಿಗೆಯ ತುದಿಯ ತನಕ ಬಂದಿತ್ತು.

"ಪಾರಿಸಪ್ಪನವರ ಮಗಳು ಸುಮನ್ರಿ ನಾ" ಎಂದೆ.

ಅವರು ನನ್ನನ್ನು ನೋಡಿದರು, ಡಬ್ಬಿಯನ್ನು ನೋಡಿದರು. "ಇದರಾಗ ಉಳ್ಳಾಗಡ್ಡಿ, ಬಟಾಟಿ ಏನರ ಹಾಕಿಯೇನು?"

"ಇಲ್ರಿ. ನಾ ಏನ ತಿಂತೇನೋ ಅದನ್ನ ಮಾರ್ತೇನ್ರಿ."

ಅವರು ಚಪ್ಪಲಿ ಬಿಟ್ಟು, ನನ್ನ ತಂಬಿಗೆಯ ನೀರಿನಿಂದ ಕೈ ತೊಳೆದು, ಅಷ್ಟು ಮಂದಿ ಓಡಾಡುವ ಮೆಟ್ಟಿಲ ಮೇಲೆ ಚಕ್ಕಳಮಕ್ಕಳ ಹಾಕಿ ಕುಳಿತರು. ಮನೆಯಲ್ಲಿ ತಾಟಿನ ಮುಂದೆ ಕುಳಿತ ಹಾಗೆ. ಎರಡೂ ಕೈಯಲ್ಲಿ ಹಿಡಿದು ಒಂದು ಚೂರೂ ಬೀಳದಂತೆ ತಿಂದು ಮುಗಿಸಿದರು. ನಾನು ಎದುರು ನಿಂತೇ ಇದ್ದೆ.

ಏಳುವಾಗ, "ನಾಳೆ ರಾತ್ರಿ ಗಾಡಿಗಿ ಊರಿಗಿ ಹೊಂಟೇನಿ. ನಿಮ್ಮಪ್ಪ ಭೆಟ್ಟಿ ಆಗ್ತಾನ. ಏನ ಹೇಳ್ಲಿ?" ಎಂದರು. ನಾನು ಬೇಡವೆಂದರೆ ಹೇಳುವುದಿಲ್ಲ ಎಂಬ ಭಾವ ಅವರ ದನಿಯಲ್ಲಿತ್ತು.

"ನೀವು ಕಂಡದ್ದನ್ನ ಹೇಳ್ರಿ" ಎಂದೆ. "ರುಚಿ ಆಗಿದ್ರ ರುಚಿ ಆಗಿತ್ತು ಅನ್ರಿ. ಉಪ್ಪು ಕಡಿಮಿ ಆಗಿದ್ರ ಅದನ್ನೂ ಹೇಳ್ರಿ."

ನಿನ್ನ
ಸುಮನ